ಮುರುಕು ಲಾಳಿಯ ಕಸ್ತೂರಿ

ಹತ್ತಿರ ಬನ್ನಿ, ಇನ್ನೂ ಹತ್ತಿರ. ಇದು ಈ ಕಟ್ಟೆ ದಾಟಬಾರದು. ದಾಟಿತೋ, ನಿಮ್ಮ ನಿಮ್ಮ ಮನೆಯ ಸುದ್ದಿಯೂ ನನ್ನ ಬಾಯಲ್ಲಿದೆ ಅನ್ನುವುದು ನೆನಪಿರಲಿ. ಮಗ್ಗ ನಡೆದಿರುವಾಗಲೇ ಹೇಳಿಬಿಡುತ್ತೇನೆ. ಈ ಖಟಖಟದಲ್ಲಿ ಪಕ್ಕದ ಮನೆಯ ಗುರವ್ವನಿಗೆ ಕೇಳುವುದಿಲ್ಲ.

ಹಿಂದಕ್ಕೆ, ಈ ಓಣಿಯ ಮುದುಕಿಯರಿಗೆಲ್ಲ ಹಲ್ಲಿದ್ದ ಕಾಲಕ್ಕೆ, ಒಂದು ನೇಕಾರರ ಊರಿತ್ತು. ಯಾವ ಊರೆಂದು ಕೇಳಬೇಡಿ, ಕುಂತಲ್ಲೇ ಗೊತ್ತಾಗುತ್ತದೆ. ಕರೆಂಟಿನ ಮಗ್ಗಗಳು ಹಗಲೂ ರಾತ್ರಿ ಬಡಿಯುವ ಊರು. ಅಲ್ಲಿ ಕೂಸು ಅತ್ತರೂ ಬಾಯಿ ನೋಡಿಯೇ ತಿಳಿಯಬೇಕು. ಹೀಗಾಗಿ ಅಲ್ಲಿಯವರು ತುಟಿ ನೋಡಿ ಮಾತು ಹಿಡಿಯುತ್ತಿದ್ದರು. ಬೇಡವಾದ ಮಾತು ಬಂದರೆ ಮಾತ್ರ "ಮಗ್ಗದ ಸಪ್ಪಳ, ಕೇಳಲಿಲ್ಲ" ಅನ್ನುತ್ತಿದ್ದರು. ಗಂಡ ಹೆಂಡತಿಗೆ, ಅತ್ತೆ ಸೊಸೆಗೆ, ಅದೊಂದೇ ಉತ್ತರ.

ಆ ಊರಲ್ಲಿ ನೂಲಿನ ಕಂಡಿಕೆ ಸುತ್ತುವ ಹುಡುಗಿಯೊಬ್ಬಳಿದ್ದಳು, ಕಸ್ತೂರಿ ಅಂತ. ಮಗ್ಗದ ಮಾಲೀಕ ವಿರುಪಣ್ಣ ಸಾಹುಕಾರ ತನ್ನ ಮಗನಿಗೆ ಅವಳನ್ನು ಕೇಳಿದ. ಆ ಮಗನ ಗುಣ ನಾನು ಹೇಳುವುದಿಲ್ಲ. ಬಸ್ ಸ್ಟ್ಯಾಂಡಿನ ಹಿಂದಿನ ಮನೆಗೆ ಹೋದವನು ಚಪ್ಪಲಿ ಅಲ್ಲೇ ಬಿಟ್ಟು ಓಡಿಬರುತ್ತಿದ್ದ ಅಂತಾರೆ, ಅಷ್ಟೇ. ಮಾತು ಗಟ್ಟಿ ಮಾಡಲು ಎಲೆ ಅಡಿಕೆ ಹಿಡಿಸುವಾಗ ಕಸ್ತೂರಿ ಒಲ್ಲೆ ಅಂದಳು. ಅಪ್ಪ ಅವಳ ತುಟಿ ನೋಡಿದ. ಸಾಹುಕಾರ ನೋಡಿದ. ಮಂತ್ರ ಹೇಳುವ ಅಯ್ಯನವರೂ ನೋಡಿದರು. "ಸಪ್ಪಳದಾಗ ಕೇಳಲಿಲ್ಲ ಬಿಡು" ಅಂದು ಎಲ್ಲರೂ ಸಕ್ಕರೆ ಬಾಯಿಗೆ ಹಾಕಿಕೊಂಡರು.

ಕೇಳುವ ಹಾಗೆ ಹೇಳಿದರಾಯಿತಲ್ಲ ಅಂದುಕೊಂಡಳು ಕಸ್ತೂರಿ.

ಅವಳಿಗೆ ಗಿಟಾರು ಸೊಲ್ಲಾಪುರದ ಲಾರಿಯವನು ಕೊಟ್ಟ ಅಂತಾರೆ. ಸುಮ್ಮನೆ ಕೊಟ್ಟನೇ ಅಂತಲೂ ಕೇಳುತ್ತಾರೆ, ನಾನಲ್ಲ. ಪಿಂಜಾರರ ಹಸೀನಾ ಬಣ್ಣದ ಡಬ್ಬಿಗಳನ್ನು ಬೋರಲು ಹಾಕಿ ಬಾರಿಸಿದಳು. ಗಂಡನನ್ನು ಬಿಟ್ಟು ಬಂದ ತಂಗೆವ್ವ ದಪ್ಪ ತಂತಿಯ ಇನ್ನೊಂದು ಗಿಟಾರು ಹಿಡಿದಳು. ನೂಲಿನ ನಡುವೆ ಓಡುವ ಲಾಳಿ ಮುರಿದರೆ ಮಗ್ಗ ನಿಲ್ಲುತ್ತದಲ್ಲ, ಅದಕ್ಕೇ ತಮ್ಮ ಬ್ಯಾಂಡಿಗೆ ಮುರುಕು ಲಾಳಿ ಅಂತ ಹೆಸರಿಟ್ಟರು. ಚಾ ಆರುವುದರೊಳಗೆ ಮುಗಿಯುವ ಹಾಡು, ನಾಯಿ ಬೆನ್ನಟ್ಟಿದಂಥ ಓಟ. ಅದಕ್ಕೆ ಪಾಪ್ ಪಂಕ್ ಅನ್ನುತ್ತಾರಂತೆ. ಪಾಪವೂ ಇದೆ, ಪಂಕವೂ ಇದೆ, ಇನ್ನೇನು ಬೇಕು ಅಂದರಂತೆ ಅಯ್ಯನವರು. ಶ್ರಾವಣದಿಂದ ದೀವಳಿಗೆ ತನಕ ನೂಲಿನ ಗೋದಾಮಿನಲ್ಲಿ ಬಾರಿಸಿದರೂ ಮಗ್ಗದ ಸಪ್ಪಳದಲ್ಲಿ ಒಬ್ಬರಿಗೂ ಗೊತ್ತಾಗಲಿಲ್ಲ. ಕದ್ದು ಬಸುರಾದವಳೂ ಅಷ್ಟು ಮುಚ್ಚಿಡಲಾರಳು ಅಂತಾರೆ.

ನಿಶ್ಚಯದ ದಿನ ಬಂತು. ಅವತ್ತೂ ಮಗ್ಗ ನಿಲ್ಲಿಸದ ಜಿಪುಣ ಆ ಸಾಹುಕಾರ. ಮಗ್ಗದ ಮನೆಯ ಮುಂದೆಯೇ ಚಪ್ಪರ, ಬಂಧುಬಳಗವೆಲ್ಲ ಕುಂತಿದೆ. ಕಸ್ತೂರಿ ರೇಷ್ಮೆ ಸೀರೆಯಲ್ಲೇ, ಕೂದಲಿಗೆ ನೂಲಿನ ಬಣ್ಣ ಮೆತ್ತಿಕೊಂಡು, ಗೋದಾಮಿನ ಬಾಗಿಲು ಒದ್ದು, ಗಿಟಾರು ಹಿಡಿದು ಗೆಳತಿಯರ ಜೊತೆ ಬಂದಳು. ಬಣ್ಣ ಹಸಿರಿತ್ತು ಅಂತಾರೆ, ಕೆಂಪಿತ್ತು ಅಂತಾರೆ. ಸ್ಪೀಕರಿನ ಮೊದಲ ಪೆಟ್ಟಿಗೆ ತಾಟಿನ ಹೋಳಿಗೆಗಳು ಗೇಣುದ್ದ ಜಿಗಿದವು ಅಂತಾರೆ.

ಆದರೆ ಹಾಡಿನ ಮಾತು? ಮಗ್ಗ ಒಂದು ಕಡೆ, ಸ್ಪೀಕರು ಒಂದು ಕಡೆ, ತುಟಿ ಹಿಡಿಯಲೂ ಆಗದ ಓಟ, ಯಾರಿಗೂ ಏನೂ ತಿಳಿಯಲಿಲ್ಲ. ಆರತಿ ಹಾಡೆಂದು ತಿಳಿದು ಸಾಹುಕಾರನ ಹೆಂಡತಿ ತಲೆದೂಗುತ್ತಿದ್ದಳು. ಸಾಹುಕಾರ ಸುಮ್ಮನಿದ್ದಿದ್ದರೆ ಅವತ್ತೂ ಕೇಳಲಿಲ್ಲ ಅಂತಲೇ ಆಗುತ್ತಿತ್ತು. ಬಂಧುಬಳಗದ ಮುಂದೆ ಆ ಗದ್ದಲ ಅವನಿಗೆ ತಡೆಯಲಿಲ್ಲ.

"ಫ್ಯೂಜ್ ಕೀಳ್ರೋ, ಅಕಿ ಬಾಯಿ ಮುಚ್ಚಲಿ."

ಕಿತ್ತರು. ಗಿಟಾರು ಸತ್ತಿತು. ಆಗ ಊರಿಗೆಲ್ಲ ಅದೊಂದೇ ಫ್ಯೂಜ್, ಗಿಟಾರಿನ ಜೊತೆಗೇ ಊರಿನ ಮಗ್ಗಗಳೆಲ್ಲ ಸತ್ತವು. ಅಂಥ ಮೌನವನ್ನು ಆ ಊರು ಹುಟ್ಟಿದಾಗಿನಿಂದ ಕಂಡಿರಲಿಲ್ಲ. ಕಸ್ತೂರಿಗೆ ಉಳಿದದ್ದು ಬರಿಗಂಟಲು. ಹಸೀನಾ ಡಬ್ಬಿಯ ಮೇಲೆ ಒಂದು ಪೆಟ್ಟು ಹಾಕಿದಳು. ಕಸ್ತೂರಿ ಮಗ್ಗದ ಊರಿನ ಗಂಟಲು ತೆಗೆದಳು.

"ಒಲ್ಲೆ ಅಂದ್ರ ಒಲ್ಲೆ,
ಸಕ್ಕರಿ ಉಗುಳ್ರಿ, ಒಲ್ಲೆ,
ಈಗರೆ ಕೇಳಿತೇನ್ರಿ, ಒಲ್ಲೆ."

ಮೂರು ಹರದಾರಿ ಆಚೆಗೂ ಕೇಳಿತು ಅಂತಾರೆ. ಮದುವೆಯಾದಾಗಿನಿಂದ ಕಿವುಡನಾಗಿದ್ದ ನಾಗಪ್ಪಜ್ಜ "ಒಲ್ಲೆ ಅಂತಾಳಲ್ರೋ, ಬಿಡ್ರಿ ಅಕಿನ್ನ" ಅಂದ ಅಂತಾರೆ. ಸಾಹುಕಾರ ಬಾಯಿ ತೆರೆದ. ಎಂದಿನ ಮಾತು ನಾಲಗೆಯ ತುದಿಗೆ ಬಂತು. ಯಾವ ಸಪ್ಪಳದ ಮೇಲೆ ಹಾಕುತ್ತಾನೆ? ನಿಶ್ಚಯ ಅಲ್ಲೇ ಮುರಿಯಿತು.

ಬ್ಯಾಂಡೂ ಬಹಳ ಬಾಳಲಿಲ್ಲ. ಒಂದೆರಡು ಊರಲ್ಲಿ ಹಾಡಿದರು, ಮುಂದಿನ ಊರಲ್ಲಿ ಕಲ್ಲು ಬಿದ್ದು ಗಿಟಾರು ಒಡೆಯಿತು. ಸಂಕ್ರಾಂತಿಯ ಎಳ್ಳನ್ನು ಆ ಬ್ಯಾಂಡು ಕಾಣಲಿಲ್ಲ. ಕಸ್ತೂರಿ ಲಾರಿಯವನ ಜೊತೆ ಹೋದಳು ಅಂತಾರೆ. ಲಾರಿ ನಡೆಸುತ್ತಿದ್ದವಳು ಅವಳೇ, ಅವನು ಪಕ್ಕದಲ್ಲಿ ಕುಂತಿದ್ದ ಅಂತಲೂ ಅಂತಾರೆ.

ಆದರೆ ಅವತ್ತು ಬಿದ್ದ ಪದ್ಧತಿ ಇವತ್ತಿಗೂ ಇದೆ. ಎಲೆ ಅಡಿಕೆ ಹಿಡಿಸುವ ಮೊದಲು ಓಣಿಯ ಫ್ಯೂಜ್ ಕೀಳುತ್ತಾರೆ. ಮಗ್ಗ ಪೂರಾ ನಿಂತ ಮೇಲೆಯೇ ಹುಡುಗಿಯನ್ನು ಕೇಳುತ್ತಾರೆ. ಅದಕ್ಕೆ ಕಸ್ತೂರಿ ಫ್ಯೂಜ್ ಅನ್ನುತ್ತಾರೆ. ಆ ಮೌನದಲ್ಲಿ ಹುಡುಗಿ ಏನಂದಳೋ ಅದೇ ಖರೆ.

ಇಷ್ಟು ಹೇಳುವಷ್ಟರಲ್ಲಿ ಗುರವ್ವ ಚಾದ ಕಪ್ಪು ಹಿಡಿದು ಬಂದು ಎದುರಿಗೇ ನಿಂತಳು. ಮುಖದ ಮೇಲೇ ಅಂದಳು:

"ಯಮ್ಮಾ, ನನ್ನ ಮಗಳನ್ನ ಕೇಳಾಕ ಫ್ಯೂಜ್ ಕಿತ್ತು ಆಗಲೇ ಎಷ್ಟೊತ್ತಾತು. ಮಗ್ಗ ನಿಂತದ್ದೂ ಗೊತ್ತಾಗದ ಒದರಾಕತ್ತೀ. ನಿನ್ನ ಗುಟ್ಟು ಓಣಿಗೆಲ್ಲ ಕೇಳೈತಿ. ಹುಡುಗಿ ಒಲ್ಲೆ ಅಂದ್ಲು, ಬಂದವರು ಎದ್ದು ಹ್ವಾದ್ರು. ತಗೋ, ಅವರಿಗಂತ ಮಾಡಿದ ಚಾ. ನಿನಗ ಕೊಟ್ಟು ಬಾ ಅಂತ ಅಕೀನೇ ಕಳಿಸ್ಯಾಳ."