ಯಾವ ರೆಕ್ಕೆ ಮುರಿದಿತ್ತು

“ಅಜ್ಜಾರ, ಸುಳ್ಳು ಹೇಳಿ ಕದ್ದ ರೊಟ್ಟಿಯ ಪಾಪ ಎಷ್ಟು ವರ್ಷಕ್ಕ ತೀರತೈತ್ರಿ?”

ಮಠದ ಗುರುಗಳನ್ನು ಹೀಗೆ ಕೇಳಿದವನು ಗಿರಿಮಲ್ಲ. ಮೂವತ್ತು ವರ್ಷದ ಹಿಂದೆ ಈ ಮಠದಲ್ಲೇ ಓದಿದವನು; ಈಗ ತಲೆ ನರೆತಿತ್ತು. ಆಗ ಬೆಳಗಾದರೆ ಶಿಷ್ಯರೆಲ್ಲ ಮಠದ ಹೊಲಕ್ಕೆ ಹೋಗಬೇಕು. ಅವನು ಕಾಲು ನೋವೆಂದು ಕುಂಟುತ್ತ ಹಿಂದೆ ಉಳಿಯುತ್ತಿದ್ದ. ಅಡುಗೆಮನೆಯ ಬುಟ್ಟಿಯಲ್ಲಿ ದಿನಾ ಎರಡು ರೊಟ್ಟಿ ಮಿಕ್ಕಿರುತ್ತಿದ್ದವು. ಅವನ್ನು ಧೋತರದಲ್ಲಿ ಸುತ್ತಿಕೊಂಡು, ತನ್ನನ್ನು ಸಾಕಿದ ಕುರುಡು ಸೋದರತ್ತೆಗೆ ಕೊಟ್ಟು ಬರುತ್ತಿದ್ದ. ಬೇಡಿ ತಂದದ್ದನ್ನು ಆಕೆ ಮುಟ್ಟುವವಳಲ್ಲ. ಹಾಗಾಗಿ ಅವನು ಯಾರ ಮುಂದೆಯೂ ಬಾಯಿ ಬಿಟ್ಟು ಕೇಳಿರಲಿಲ್ಲ; ಆಕೆಗೆ ತನ್ನ ಪಾಲಿನ ರೊಟ್ಟಿ ಎನ್ನುತ್ತಿದ್ದ.

ಗುರುಗಳು ಹಳೆಯ ಅಡುಗೆಮನೆಯ ಕಡೆ ನೋಡಿದರು. ಈಗ ಅಲ್ಲಿ ಸೌದೆ ಒಟ್ಟಿದ್ದಾರೆ. ಆ ಒಲೆ, ಆ ಮಕ್ಕಳು ನೆನಪಾಗಿ ಅವರ ಕಣ್ಣು ಒದ್ದೆಯಾಯಿತು. ಆಮೇಲೆ ಒಂದು ಕತೆ ಹೇಳಿದರು.

ಒಬ್ಬ ಕುರಿಗಾರನಿದ್ದ. ಪ್ರತಿ ಬೇಸಿಗೆ ಅದೇ ಕಲ್ಲುಬಯಲಿಗೆ ಮಂದೆ ತರುತ್ತಿದ್ದ. ಅಲ್ಲೊಂದು ಟಿಟ್ಟಿಭ ಹಕ್ಕಿ. ಬರಿ ನೆಲದ ಮೇಲೆ ಮೊಟ್ಟೆ ಇಡುವ ಜಾತಿ. ಮೊಟ್ಟೆಯೂ ಕಲ್ಲಿನ ಬಣ್ಣದ್ದೇ. ನರಿಯ ಕಣ್ಣಿಗೆ ಬೀಳದು, ನಿಜ. ಕುರಿಯ ಗೊರಸಿಗೇನು ಗೊತ್ತು? ಮಂದೆ ಹತ್ತಿರ ಬಂದರೆ ಹಕ್ಕಿ ರೆಕ್ಕೆ ಮುರಿದಂತೆ ನೆಲಕ್ಕೆ ಬಿದ್ದು, ಒದ್ದಾಡುತ್ತ ಅರಚುತ್ತ ದೂರ ಸರಿಯುತ್ತಿತ್ತು. ಕುರಿಗಾರ ಕೋಲೆತ್ತಿ ಕೂಗುತ್ತ ಅದರ ಹಿಂದೆ ಓಡುತ್ತಿದ್ದ. ಮಂದೆ ಅವನ ಹಿಂದೆ ತಿರುಗುತ್ತಿತ್ತು. ಮೊಟ್ಟೆಗಳಿಂದ ಸಾಕಷ್ಟು ದೂರ ಹೋದ ಮೇಲೆ ಹಕ್ಕಿ ಪುರ್ರನೆ ಹಾರಿಬಿಡುತ್ತಿತ್ತು. ಅವನು ಹಣೆ ಚಚ್ಚಿಕೊಂಡು ಬರಿಗೈಯಲ್ಲಿ ನಿಲ್ಲುತ್ತಿದ್ದ.

ಒಂದು ವರ್ಷ ಹೊಸ ಅಳಿಯ ಜೊತೆಗೆ ಬಂದ. ಎರಡು ದಿನ ಇದನ್ನೆಲ್ಲ ನೋಡಿದ. ಮೂರನೆಯ ದಿನ ಅವನಿಗೆ ತಡೆಯಲಾಗಲಿಲ್ಲ.

“ಮಾವಾರ, ಅದು ನಾಟಕ ಮಾಡಾಕತೈತ್ರಿ. ಮುಂಜಾನೆ ಬಲರೆಕ್ಕೆ ಮುರದಿತ್ತು, ಈಗ ನೋಡ್ರಿ ಎಡರೆಕ್ಕೆ! ಮಂದಿ ಕೇಳಿದ್ರ ನಗತಾರ.”

“ಮೊದಲನೇ ವರ್ಷನ ಗೊತ್ತಾತಪಾ” ಎಂದ ಕುರಿಗಾರ. “ಆದ್ರ ನಾ ಮೋಸ ಹೋಗದಿದ್ರ ಅದಕ್ಕ ಬ್ಯಾರೆ ದಾರಿ ಏನೈತಿ?”

ಮರುದಿನ ಅಳಿಯನೂ ಕೂಗುತ್ತ ಓಡಿದ.

ಕತೆ ಮುಗಿಯಿತು. ಗಿರಿಮಲ್ಲನ ಮನಸ್ಸು ಹಗುರಾಗಲಿಲ್ಲ. “ಅದು ಹಕ್ಕಿ, ಅಜ್ಜಾರ. ನಾ ಕಳ್ಳ” ಎಂದ.

ಗುರುಗಳು ನಕ್ಕರು.

“ನೀನೂ ಹೋಗೂಮುಂದ ಬಲಗಾಲು ಕುಂಟತಿದ್ದಿ, ಬರೂಮುಂದ ಎಡಗಾಲು, ಅದನ್ನ ನೋಡೇ ದಿನಾ ಎರಡು ರೊಟ್ಟಿ ಹೆಚ್ಚಿಗಿ ಬಡೀರಿ ಅಂತ ಅಡಗಿಯವ್ರಿಗೆ ಹೇಳಿದ್ದೆ, ಮಗಾ.”