ಬೆಕ್ಕಿನ ಪಾಲು

ಮೂರು ದೃಶ್ಯ ಕೊಟ್ಟು ಒಂದು ದೃಶ್ಯ ಉಳಿಸಿಕೊಳ್ಳುವುದು. ವ್ಯವಹಾರ ಇಷ್ಟೇ.

ಸ್ಪೇನಿನಲ್ಲಿ ಅಂತರ್ಯುದ್ಧ ಮುಗಿದು ಹತ್ತು ವರ್ಷವಾಗಿತ್ತು. ಕತಲಾನ್ ಸೀಮೆಯಲ್ಲಿ ತೆಗೆದ ಚಿತ್ರದಲ್ಲೂ ಅಲ್ಲಿಯ ಕತಲಾನ್ ಭಾಷೆ ಮಾತಾಡುವ ಹಾಗಿರಲಿಲ್ಲ. ಚಿತ್ರಕಥೆ ಮೊದಲು ರಾಜಧಾನಿಯ ಸೆನ್ಸಾರಿಗೆ ಹೋಗಬೇಕು. ಅವರು ಕೆಂಪು ಪೆನ್ಸಿಲ್ ಆಡಿಸಿದ ಮೇಲೆಯೇ ಕ್ಯಾಮೆರಾ ತಿರುಗಬೇಕು.

ರೊಸೆರ್ ತನ್ನ ಮೊದಲ ಚಿತ್ರಕಥೆ ಹಿಡಿದುಕೊಂಡು ನದಿ ದಂಡೆಗೆ ಬಂದಳು. ಅಲ್ಲಿ ಅವಳ ಗುರು ಅಸುಂಪ್ತಾ ಮೀನು ಹಸನು ಮಾಡುತ್ತಿದ್ದರು. ಹನ್ನೊಂದು ಚಿತ್ರಗಳಿಗೆ ಕಥೆ ಬರೆದ ಹೆಂಗಸು.

“ಸೆನ್ಯೋರಾ, ಇದರಲ್ಲೊಂದು ಜೋಗುಳ ಇದೆ. ನಾಲ್ಕೇ ಸಾಲು. ನಮ್ಮಜ್ಜಿ ಹಾಡುತ್ತಿದ್ದದ್ದು, ನಮ್ಮ ಭಾಷೆಯಲ್ಲೇ. ಅದು ಹೋದರೆ ನಾನು ಬರೆದೂ ಬರೆಯದ ಹಾಗೆ.”

ಅಸುಂಪ್ತಾ ಮೀನಿನ ತಲೆ ಕತ್ತರಿಸಿ ಬೆಕ್ಕಿನತ್ತ ಎಸೆದರು. ಬೆಕ್ಕು ಅದನ್ನು ಕಚ್ಚಿಕೊಂಡು ಪೊದೆಗೆ ಓಡಿತು. ಮೀನು ತಟ್ಟೆಯಲ್ಲೇ ಉಳಿಯಿತು.

“ತಿಳಿಯಿತೇ?”

“ಕತ್ತರಿಸಲಿಕ್ಕೆಂದೇ ಬೇರೆ ದೃಶ್ಯ ಬರೆದುಕೊಡಬೇಕು.”

“ಮೂರು ಬರಿ. ಪೆನ್ಸಿಲ್ ಅಲ್ಲೇ ಸವೆದು ಹೋಗಬೇಕು, ಹಾಗೆ ಬರಿ.”

ರೊಸೆರ್ ಬರೆದಳು. ಲಂಗ ಎತ್ತಿ ಕುಣಿಯುವವಳೊಬ್ಬಳು, ಕುಡಿದ ಪೊಲೀಸನೊಬ್ಬ, ಮಗುವಿನ ನಾಮಕರಣದ ಊಟದಲ್ಲಿ ಗೊರಕೆ ಹೊಡೆಯುವ ಪಾದ್ರಿಯೊಬ್ಬ. ಆದರೆ ಕಳಿಸುವ ಮೊದಲು ಕೈ ತಡೆಯಲಿಲ್ಲ. ತಿದ್ದಿದಳು. ಲಂಗ ಪಾದದವರೆಗೆ ಇಳಿಯಿತು. ಪೊಲೀಸನ ಲೋಟದಲ್ಲಿ ನೀರು ಬಂತು. ಪಾದ್ರಿ ಯಾರದೋ ಮನೆಯ ಅಜ್ಜನ ಹಾಗೆ ತುಸು ತೂಕಡಿಸಿದ, ಅಷ್ಟೇ.

ತಿಂಗಳಾದ ಮೇಲೆ ಚಿತ್ರಕಥೆಯ ಪ್ರತಿ ವಾಪಸು ಬಂತು. ಮೂರು ದೃಶ್ಯವೂ ಪಾಸು. ಜೋಗುಳದ ಮೇಲೆ ಕೆಂಪು ಗೆರೆ.

“ಯಾಕೆ ತಿದ್ದಿದೆ?” ಅಸುಂಪ್ತಾ ಕೇಳಿದರು.

“ನನ್ನ ಹೆಸರಿನಲ್ಲಿ ಕೆಟ್ಟ ದೃಶ್ಯ ಹೋಗಬಾರದು ಅನ್ನಿಸಿತು.”

“ಹೆಸರು! ನನ್ನ ಹನ್ನೊಂದರಲ್ಲಿ ಎರಡಕ್ಕೆ ಮಾತ್ರ ನನ್ನ ಹೆಸರಿದೆ. ಉಳಿದದ್ದನ್ನೆಲ್ಲ ನಿರ್ಮಾಪಕನ ತಮ್ಮ ಬರೆದನಂತೆ. ಪಾಪ, ಅವನಿಗೆ ಓದಲಿಕ್ಕೂ ಬೇಜಾರು.”

ರೊಸೆರ್‌ಗೆ ನಗು ಬರಲಿಲ್ಲ. “ಎಲ್ಲ ಹೋಯಿತು, ಸೆನ್ಯೋರಾ.”

“ಹೋದದ್ದು ಬಿಡು, ಕೈಯಲ್ಲಿರುವುದನ್ನು ನೋಡು. ಆ ಪಾದ್ರಿಯ ದೃಶ್ಯದಲ್ಲಿ ಮಗು ಎಲ್ಲಿದೆ?”

“ತಾಯಿಯ ತೊಡೆ ಮೇಲೆ. ಅಳುತ್ತದೆ. ತಾಯಿ ಸಮಾಧಾನ ಮಾಡುತ್ತಾಳೆ.”

“ಹಾಗೆಂದು ಬರೆದಿದ್ದೀಯಾ?”

“ಬರೆದಿದ್ದೇನೆ.”

“ಅದಕ್ಕೆ ಮೊಹರು ಬಿದ್ದಿದೆಯಲ್ಲ. ಹೇಗೆ ಸಮಾಧಾನ ಮಾಡಬೇಕೆಂದು ಅವರು ಬರೆದಿದ್ದಾರೆಯೇ?”

ರೊಸೆರ್ ಹಾಳೆ ತಿರುಗಿಸಿ ನೋಡಿದಳು. ಬರೆದಿರಲಿಲ್ಲ.

“ಬಾಯಿ ಮುಚ್ಚಿಕೊಂಡೇ ಜೋಗುಳ ಹಾಡಲಿ,” ಎಂದು ಗುರು ಮತ್ತೆ ಮೀನಿಗೆ ಕೈ ಹಾಕಿದರು.

ಚಿತ್ರ ಮುಗಿಯಿತು. ಸೆನ್ಸಾರಿನವರು ಅದನ್ನೂ ಕೂತು ನೋಡಿದರು. ತಾಯಿಯೊಬ್ಬಳು ಮೂಗಿನಲ್ಲೇ ಏನೋ ಗುನುಗುತ್ತಾಳೆ, ಪಾದ್ರಿ ತೂಕಡಿಸುತ್ತಾನೆ. ಆ ರಾಗ ರಾಜಧಾನಿಯವರು ಕೇಳಿದ್ದಲ್ಲ. ಬಿಟ್ಟರು.

ಮೊದಲ ದಿನ ಮಧ್ಯಾಹ್ನದ ಆಟಕ್ಕೆ ರೊಸೆರ್ ಒಬ್ಬಳೇ ಹೋದಳು. ಟೈಟಲಿನಲ್ಲಿ ಬೇರೆ ಯಾರದೋ ಹೆಸರು ಬಂತು. ಅವಳು ತುಟಿ ಕಚ್ಚಿಕೊಂಡು ಕೂತಳು.

ತಾಯಿ ಗುನುಗತೊಡಗಿದಳು. ಹಿಂದಿನ ಸಾಲಿನಲ್ಲಿ ಒಬ್ಬ ಮುದುಕಿ ಮೆಲ್ಲಗೆ ಮಾತು ಸೇರಿಸಿದಳು. ಅವಳ ಪಕ್ಕದವಳು ಸೇರಿದಳು. ಆ ಸಾಲು, ಮುಂದಿನ ಸಾಲು, ಆಮೇಲೆ ಇಡೀ ಥಿಯೇಟರು. ನಾಲ್ಕು ಸಾಲೂ, ಅವರ ಭಾಷೆಯಲ್ಲೇ.

ಸೀಟು ತೋರಿಸುವ ನರೆಗೂದಲಿನವನು ಟಾರ್ಚ್ ಹಿಡಿದು ಓಡಿಬಂದ. ಬಾಗಿಲಲ್ಲೇ ನಿಂತ. ಟಾರ್ಚ್ ಆರಿಸಿದ. ಅವನ ತುಟಿಯೂ ಅಲ್ಲಾಡುತ್ತಿತ್ತು.

ಸಂಜೆಯೊಳಗೆ ರೊಸೆರ್ ನದಿ ದಂಡೆಯಲ್ಲಿದ್ದಳು. ನಡೆದದ್ದೆಲ್ಲ ಒಂದೇ ಉಸಿರಿಗೆ ಹೇಳಿದಳು. “ಆದರೆ ಸೆನ್ಯೋರಾ, ನನ್ನ ಹೆಸರು ಹಾಕಲಿಲ್ಲ.”

“ಕೊಟ್ಟದ್ದು ನಾಲ್ಕು ಸಾಲು, ಒಂದು ಹೆಸರು. ಸಿಕ್ಕಿದ್ದನ್ನು ಎಣಿಸು. ಕುರ್ಚಿ ಎಷ್ಟಿದ್ದವು?”

“ಮುನ್ನೂರ ಇಪ್ಪತ್ತು.”

“ಖಾಲಿ?”

“ಹನ್ನೆರಡು. ಎಲ್ಲರೂ ಹಾಡಿದರು. ಮುನ್ನೂರ ಎಂಟು ಜನ.”

ಅಸುಂಪ್ತಾ ಚಾಕು ಒರೆಸಿದರು.

“ಟಾರ್ಚಿನವನನ್ನು ಬಿಟ್ಟೆಯಲ್ಲ, ಮಗಳೇ. ಮುನ್ನೂರ ಒಂಬತ್ತು.”