ಬಿದಿರು ಹೊತ್ತ ತಿಂಗಳುಗಳು

ಏಯ್ ಹೊನ್ನಿ, ಗಿಣ್ಣಿಗೆ ಬೈಬೇಡ! ಬಿದಿರು ಸೀಳುವಾಗ ಕತ್ತಿ ಗಿಣ್ಣಿನ ಗಂಟಿಗೆ ಬಂದು ನಿಂತುಬಿಟ್ಟರೆ, ಬುಟ್ಟಿ ಹೆಣೆಯೋ ನಾವು ಮೇದರು ಬೈಯೋದಿಲ್ಲ. ಅದನ್ನ ಒಂದು ಸಲ ಬೆರಳಲ್ಲಿ ಮುಟ್ಟಿ, ಆಮೇಲೆ ಏಟು ಹಾಕ್ತೀವಿ. ಯಾಕೆ ಅಂತೀಯಾ? ಕತ್ತಿ ಪಕ್ಕಕ್ಕಿಟ್ಟು ಇಲ್ಲಿ ಬಾ, ನಿನ್ನಜ್ಜಿ ಹೇಳ್ತಾಳೆ.

ಲೋಕ ಆಗಷ್ಟೇ ಹುಟ್ಟಿತ್ತು. ಮಣ್ಣಿನ ಹಸಿ ಕೂಡ ಆರಿರಲಿಲ್ಲ. ಬೆಟ್ಟ ಮಾತಾಡೋದು, ಹೊಳೆ ಮಾತಾಡೋದು, ಗಾಳಿಯಂತೂ ಬಾಯಿ ಮುಚ್ಚುತ್ತಲೇ ಇರಲಿಲ್ಲ. ತಿಂಗಳುಗಳೂ ನಮ್ಮ ನಿಮ್ಮ ಹಾಗೆ ಓಡಾಡಿಕೊಂಡಿದ್ದವು. ಎಳೆಬಿಸಿಲು, ಉರಿಬಿಸಿಲು, ಗುಡುಗು, ಕೆನ್ನೀರು, ಜೇನು, ಇಬ್ಬನಿ, ಹೀಗೆ ಅವುಗಳ ಹೆಸರು.

ಹೆಸರೇನೋ ಇತ್ತು, ಸರದಿ ಇರಲಿಲ್ಲ ನೋಡು. ಮನಸ್ಸು ಬಂದಾಗ ಬರೋರು, ಬೇಜಾರಾದಾಗ ಎದ್ದು ಹೋಗೋರು. ಇಬ್ಬನಿ ಬಂದು ಕೂತಿದ್ದರೆ ಅವನನ್ನ ತಳ್ಳಿ ಉರಿಬಿಸಿಲು ಕೂರೋನು. ಹೂ ಬಿಡೋ ಗಿಡಗಳು ಮೊಗ್ಗು ಹಿಡ್ಕೊಂಡು, ಅರಳೋದೋ ಬೇಡವೋ ಅಂತ ಪೇಚಾಡೋವು.

ಆಗ ಬಿದಿರಿಗೆ ಗಿಣ್ಣೇ ಇರಲಿಲ್ಲ. ಬುಡದಿಂದ ತುದಿವರೆಗೂ ನುಣ್ಣನೆಯ ಒಂದೇ ಕೊಳವೆ. ಗಾಳಿ ಬುಡದಲ್ಲಿ ನುಗ್ಗಿ, ತುದಿಯಲ್ಲಿ ಹಾಡಾಗಿ ಹೊರಗೆ ಬರೋನು. ಬಿದಿರಿಗೆ ಆ ಹಾಡು ಅಂದರೆ ಪ್ರಾಣ.

ಹೊಳೆ ದಂಡೆಯಲ್ಲಿ, ಆ ಬಿದಿರ ಮೆಳೆಯ ಪಕ್ಕದ ಮರಳಲ್ಲಿ, ಒಂದು ಆಮೆ ಮೊಟ್ಟೆಯಿಡೋಳು. ಇಟ್ಟಾಗಲೆಲ್ಲ ಕೆನ್ನೀರು ಹೊಳೆ ತುಂಬ ಕೆಂಪು ನೀರು ಹೊತ್ತು ದಬದಬ ಬಂದು, ಎಲ್ಲ ಬಳ್ಕೊಂಡು ಹೋಗೋನು.

"ಬಿದಿರಕ್ಕಾ, ಈ ಸಲವೂ ಹೋಯ್ತು ಕಣೇ. ಇನ್ನೊಂದೇ ಸಲ ಮೊಟ್ಟೆಯಿಡೋ ಶಕ್ತಿ ನನಗಿರೋದು. ಅವನು ಯಾವಾಗ ಬರ್ತಾನೆ ಅಂತ ಗೊತ್ತಿದ್ದಿದ್ದರೆ..." ಅಂತ ಆಮೆ ಅತ್ತಳು.

ಬಿದಿರಿಗೆ ಕರುಳು ಚುರ್ ಅಂತು. ತಿಂಗಳುಗಳನ್ನೆಲ್ಲ ಕರೆದಳು.

"ನಿಮಗೆ ಮನೆಯಿಲ್ಲ ಮಠವಿಲ್ಲ. ನನ್ನ ಮೈಯಲ್ಲಿ ಒಬ್ಬೊಬ್ಬರಿಗೂ ಒಂದೊಂದು ಮನೆ ಕೊಡ್ತೀನಿ. ಒಬ್ಬರು ಇದ್ದು, ಎದ್ದು ಹೋದಮೇಲೆ ನಾನು ಬಾಗಿಲು ಹಾಕ್ತೀನಿ. ಆಮೇಲೆ ಇನ್ನೊಬ್ಬರು ಬರಬೇಕು. ಒಪ್ಪಿಗೆಯಾ?"

ಗಾಳಿ ಎದೆ ಬಡ್ಕೊಂಡ. "ಅಯ್ಯೋ ಹುಚ್ಚೀ, ಒಳಗೆಲ್ಲ ಬಾಗಿಲು ಹಾಕಿಬಿಟ್ಟರೆ ನಾನು ಹಾಡೋದು ಹೇಗೆ?"

"ಗೊತ್ತು ಕಣೋ, ನನಗೂ ಸಂಕಟ ಆಗ್ತಿದೆ" ಅಂದಳು ಬಿದಿರು. "ಆದರೂ ಹಾಡು ಹೋಗಲಿ. ಅವಳ ಮೊಟ್ಟೆ ಉಳೀಲಿ."

ಇಂಥ ಮಾತಾಡೋಕೆ ಎಷ್ಟು ಎದೆ ಬೇಕು ನೋಡು! ನಮ್ಮ ಬಿದಿರು ಅಂದರೆ ಸುಮ್ಮನೆ ಅಲ್ಲ.

ತಿಂಗಳುಗಳು ಒಪ್ಪಿದವು. ಕೆನ್ನೀರು ಮಾತ್ರ ಹೊಟ್ಟೆ ಹಿಡ್ಕೊಂಡು ನಕ್ಕ. "ಒಂದು ಹುಲ್ಲಿನ ಮಾತು ನಾನು ಕೇಳಬೇಕಾ? ನಾನು ಬಂದಾಗಲೇ ನನ್ನ ಸರದಿ!"

ಮೊದಲು ಎಳೆಬಿಸಿಲು ಬಂದು, ಇದ್ದು, ಹೋದ. ಬಿದಿರು ಹಲ್ಲು ಕಚ್ಚಿ ಮೈ ಬಿಗಿದು ಒಂದು ಗಿಣ್ಣು ಕಟ್ಟಿದಳು. ನೋವಾಯ್ತು, ಆಗದೆ ಇರುತ್ತಾ? ಆಮೇಲೆ ಉರಿಬಿಸಿಲು ಬಂದ. "ಈಗ ಇಡು ತಂಗಿ. ಇವನ ಹಿಂದೆ ಗುಡುಗು, ಅವನ ಹಿಂದೆಯೇ ಕೆನ್ನೀರು. ಅಷ್ಟರಲ್ಲಿ ಮರಿಯಾಗುತ್ತೆ" ಅಂತ ಬಿದಿರು ಆಮೆಗೆ ಅಂದಳು. ಆಮೆ ಬಿಸಿ ಮರಳಲ್ಲಿ ಕೊನೆಯ ಮೊಟ್ಟೆಗಳನ್ನಿಟ್ಟಳು.

ಉರಿಬಿಸಿಲು ಎದ್ದು ಹೋದಮೇಲೆ ಬಿದಿರು ಆ ಬಾಗಿಲೂ ಹಾಕಿದಳು. ಗುಡುಗು ಇನ್ನೇನು ಹೊಸಿಲು ತುಳೀಬೇಕು, ಅವನನ್ನ ಪಕ್ಕಕ್ಕೆ ನೂಕಿ ಕೆನ್ನೀರು ನುಗ್ಗಿಬಿಟ್ಟ! ಮರಗಳನ್ನ ಬೇರುಸಮೇತ ಕಿತ್ಕೊಂಡು, ಬಂಡೆ ಉರುಳಿಸ್ಕೊಂಡು ಬಂದ. ಆಮೆ ಮರಳಿನ ಮೇಲೆ ಕವುಚಿ ಮಲಗಿ "ಬಿದಿರಕ್ಕಾ!" ಅಂತ ಕಿರುಚಿದಳು.

"ನಾನಿದ್ದೀನಿ" ಅಂದಳು ಬಿದಿರು.

ಕೆನ್ನೀರು ಗುದ್ದಿದ. ಬಿದಿರು ಬಗ್ಗಿದಳು. ಇನ್ನೂ ಗುದ್ದಿದ. ನೆಲ ಮುಟ್ಟುವಷ್ಟು ಬಗ್ಗಿದಳು. ಹಳೇ ಬಿದಿರಾಗಿದ್ದರೆ ಆ ಏಟಿಗೆ ಚಪ್ಪಟೆಯಾಗಿ ಹೋಗೋಳು. ಆದರೆ ಒಳಗೆ ಬಾಗಿಲುಗಳು ಗಟ್ಟಿಯಾಗಿ ಹಿಡಿದು ನಿಂತಿದ್ದವಲ್ಲ! ಬಗ್ಗಿದವಳು ಮತ್ತೆ ಎದ್ದಳು. ಅವನು ತಂದ ಮರದ ದಿಮ್ಮಿಗಳೇ ಮೆಳೆಗೆ ಸಿಕ್ಕಿಕೊಂಡು ಕಟ್ಟೆಯಾಗಿ, ನೀರು ಆಚೆ ಕಡೆ ತಿರುಗಿತು. ಮರಳು ಉಳೀತು.

ಕೆನ್ನೀರಿಗೆ ಏದುಸಿರು ಬಂತು. "ಏನಿದೆ ನಿನ್ನೊಳಗೆ?" ಅಂದ.

"ನಿನ್ನ ಅಣ್ಣತಮ್ಮಂದಿರ ಮನೆ. ನಿನಗೂ ಒಂದು ಜಾಗ ಬಿಟ್ಟಿದ್ದೀನಪ್ಪ. ಗುಡುಗು ಇದ್ದು ಹೋಗಲಿ, ಆಮೇಲೆ ಬಾ."

ಅಲ್ಲಿವರೆಗೆ ಕಂಡವರೆಲ್ಲ ಕೆನ್ನೀರಿಗೆ ಹೋಗು, ಹೋಗು ಅಂದವರೇ. ಬಾ ಅಂದವಳು ಇವಳೊಬ್ಬಳೇ. ಅವನು ತಲೆ ತಗ್ಗಿಸಿ, ಸದ್ದಿಲ್ಲದೆ ಹಿಂದಕ್ಕೆ ಸರಿದ.

ಗುಡುಗು ಬಂದು ಡಮಡಮ ಬಾರಿಸೋ ಹೊತ್ತಿಗೆ ಮರಳು ಅಲುಗಾಡ್ತು. ಪುಟ್ಟ ಪುಟ್ಟ ಆಮೆಮರಿಗಳು ಬಿದಿರಿನ ಬುಡ ಹಾದು ಹೊಳೆ ಕಡೆ ಹೊರಟವು. ಆಮೇಲೆ ಕೆನ್ನೀರು ತನ್ನ ಸರದಿಗೆ ಬಂದ. ಅವತ್ತಿಂದ ಯಾವ ಗಿಡ ಅರಳಬೇಕು, ಯಾವ ಹಕ್ಕಿ ಗೂಡು ಕಟ್ಟಬೇಕು ಅಂದರೂ, "ಈಗ ಯಾವ ಗಿಣ್ಣು ನಡೀತಿದೆ ಬಿದಿರಕ್ಕಾ?" ಅಂತ ಕೇಳಿಯೇ ಶುರು ಮಾಡೋವು.

ಗಾಳಿಗೆ ಒಳಗೆ ಜಾಗ ಇಲ್ಲ, ಪಾಪ. ಅದಕ್ಕೇ ಈಗಲೂ ಹೊರಗೆ ನಿಂತು ಮೆಳೆಯನ್ನ ಹಿಡಿದು ಕಿರ್ ಕಿರ್ ಅಂತ ಅಲುಗಿಸ್ತಾನೆ.

ನಾಳೆ ಸಂತೆಗೆ ಹೋಗುವಾಗ ಬುಟ್ಟಿ ತಲೆ ಮೇಲಿದೆ ಅಂತ ನಾಚಿಕೋಬೇಡ. ಲೋಕದ ತಿಂಗಳುಗಳನ್ನ ಹೊತ್ತವಳ ಮೈಯಿಂದ ಹೆಣೆದದ್ದು ಅದು. ಕತ್ತು ನೆಟ್ಟಗಿರಲಿ.

ಹೂಂ, ಈಗ ಮುಟ್ಟು. ಆಮೆಯ ಮೊಟ್ಟೆ ಉಳಿಯಲಿ ಅಂತ, ತನ್ನ ಹಾಡು ಬಿಟ್ಟು ಬಿದಿರು ಅವತ್ತು ಹಾಕಿಕೊಂಡ ಬಾಗಿಲೇ, ಹೊನ್ನಿ, ನಿನ್ನ ಬೆರಳಡಿ ಇರೋ ಈ ಗಿಣ್ಣು.